ಬಣ್ಣ ಬಾರದ ಬಿಸ್ಕತ್ತು, ಬಣ್ಣ ಬಂದ ಹಾಲು

ಓವನ್ನಿನಿಂದ ತಟ್ಟೆ ಹೊರಗೆ ತೆಗೆದಾಗ ಅವ್ವ ಪಕ್ಕದಲ್ಲೇ ನಿಂತಿದ್ದಳು. ಬಗ್ಗಿ ನೋಡಿದಳು. ಬಿಸ್ಕತ್ತುಗಳು ಒಳಗೆ ಹೋಗುವಾಗ ಎಷ್ಟು ಬೆಳ್ಳಗಿದ್ದವೋ ಹೆಚ್ಚುಕಡಿಮೆ ಅಷ್ಟೇ ಬೆಳ್ಳಗೆ ಹೊರಗೆ ಬಂದಿದ್ದವು.

"ಇವಿನ್ನಾ ಬೆಂದಿಲ್ಲಲ್ಲಾ. ಯಾಕ ತಗದಿ?"

"ಬೆಂದಾವ ಅವ್ವಾ."

"ಬಣ್ಣಾನ ಬಂದಿಲ್ಲ. ಹೆಂಗ ಬೆಂದಾವ ಅಂತಿ?"

ಅವಳ ಪ್ರಶ್ನೆ ಸರಿಯಾಗಿಯೇ ಇತ್ತು. ನಾನು ಚಿಕ್ಕವಳಿದ್ದಾಗ ಧಾರವಾಡದಲ್ಲಿ ದೀಪಾವಳಿಗೋ ಬೇಸಿಗೆ ರಜೆಗೋ ಮನೆಯಿಂದಲೇ ಮೈದಾ, ಸಕ್ಕರೆ, ಡಾಲ್ಡಾ ಡಬ್ಬಿ ಹೊತ್ತುಕೊಂಡು ಬೇಕರಿಗೆ ಹೋಗಿ, ಅಲ್ಲಿಯ ಭಟ್ಟಿಯಲ್ಲಿ ಬಿಸ್ಕತ್ತು ಮಾಡಿಸಿಕೊಂಡು ಬರುತ್ತಿದ್ದೆವು. ಅವ್ವ ಭಟ್ಟಿಯ ಬಾಯಿಗೆ ಕಣ್ಣು ನೆಟ್ಟು ನಿಲ್ಲುತ್ತಿದ್ದಳು. ಅಂಚು ಕೆಂಪಗಾಗದ ತಟ್ಟೆಯನ್ನು ಮತ್ತೆ ಒಳಗೆ ತಳ್ಳಿಸುತ್ತಿದ್ದಳು. ಅರವತ್ತು ವರ್ಷ ಒಲೆಯ ಮುಂದೆ ನಿಂತ ಅವಳ ಕಣ್ಣಿಗೆ ಬಣ್ಣವೆಂದರೆ ಬೆಂದಿದ್ದಕ್ಕೆ ಸಾಕ್ಷಿ. ಚಪಾತಿ, ರೊಟ್ಟಿ, ಶೇಂಗಾ ಹೋಳಿಗೆ, ನಾನಖಟಾಯಿ ಎಲ್ಲಕ್ಕೂ ಒಂದೇ ಸಾಕ್ಷಿ. ನಾನು ಹೊರಗೆ ತೆಗೆದಿಟ್ಟಿದ್ದು ಆ ಸಾಕ್ಷಿಯಿಲ್ಲದ ಬಿಸ್ಕತ್ತು.

ಇದರ ಹೆಸರು ಅಲ್ಫಹೋರ್. ಅರ್ಜೆಂಟೀನಾದ್ದು. ಬಾಯಿಗಿಟ್ಟರೆ ಪುಡಿಯಾಗುವ ಎರಡು ಬಿಳಿ ಬಿಸ್ಕತ್ತು, ನಡುವೆ ಬೆರಳ ದಪ್ಪ ದುಲ್ಸೆ ದೆ ಲೆಚೆ, ಅಂಚಿಗೆ ಸುತ್ತಲೂ ಒಣಕೊಬ್ಬರಿ. ಸ್ಪ್ಯಾನಿಷಿನಲ್ಲಿ ದುಲ್ಸೆ ಎಂದರೆ ಸಿಹಿ, ಲೆಚೆ ಎಂದರೆ ಹಾಲು. ಹಾಲಿನ ಸಿಹಿ, ಅಷ್ಟೇ. ಹಾಲು ಸಕ್ಕರೆ ಎರಡನ್ನೇ ಗಂಟೆಗಟ್ಟಲೆ ಕಾಸಿ, ಜೋನಿಬೆಲ್ಲದ ಬಣ್ಣಕ್ಕೂ ಗಟ್ಟಿ ಜೇನಿನ ಹದಕ್ಕೂ ತಂದದ್ದು. ಈ ತಿಂಡಿಯಲ್ಲಿ ಬಣ್ಣವೆಲ್ಲ ಹಾಲಿಗೆ ಹೋಗುತ್ತದೆ, ಬಿಸ್ಕತ್ತಿಗೆ ಏನೂ ಉಳಿಯುವುದಿಲ್ಲ. ಉಳಿಯಲೂಬಾರದು. ಇದು ನನ್ನ ತಲೆಗೆ ಹತ್ತಲು ಒಂದು ಇಡೀ ಚಳಿಗಾಲ ಬೇಕಾಯಿತು.

ಕೆಲಸದ ಮೇಲೆ ಎರಡು ವರ್ಷ ಬ್ಯೂನಸ್ ಐರಿಸ್‌ನಲ್ಲಿದ್ದೆ. ಅಲ್ಮಾಗ್ರೋ ಎಂಬ ಹಳೆಯ ಬಡಾವಣೆಯಲ್ಲಿ, ಉದ್ದನೆಯ ನಡೆಯ ಕೊನೆಗೆ ಒಂದು ಅಂಗಳ, ಅಂಗಳದ ಸುತ್ತ ಕೋಣೆಗಳಿದ್ದ ಮನೆ. ಮೇಲಿನ ಎರಡು ಕೋಣೆ ನನಗೆ, ಕೆಳಗೆ ಮನೆಯೊಡತಿ. ಎಪ್ಪತ್ತು ದಾಟಿದವರು, ಒಬ್ಬರೇ ಇದ್ದರು. ಸ್ಪ್ಯಾನಿಷ್ ಕಲಿಯುವಾಗ ನಮಗೆ ಹಿರಿಯರನ್ನು ‘ಉಸ್ತೆದ್’ ಅನ್ನಬೇಕು ಎಂದು ಹೇಳಿಕೊಟ್ಟಿದ್ದರು, ನಮ್ಮ ‘ನೀವು’ ಇದ್ದಂತೆ. ಮೊದಲ ವಾರವೇ ಆಕೆ, ನನ್ನನ್ನು ‘ವೋಸ್’ ಅನ್ನು ಸಾಕು, ಇಲ್ಲಿ ಎಲ್ಲರೂ ಹಾಗೇ ಅನ್ನುವುದು ಅಂದರು. ವೋಸ್ ಎಂದರೆ ‘ನೀನು’. ನನ್ನ ನಾಲಿಗೆ ಒಪ್ಪಲಿಲ್ಲ. ಎರಡು ವರ್ಷವೂ ‘ಸೆನ್ಯೋರಾ’ ಅಂತಲೇ ಕರೆದೆ. ಈಗಲೂ ಅವರ ಬಗ್ಗೆ ಬರೆಯುವಾಗ ‘ಅವರು’ ಅಂತಲೇ ಬರುತ್ತದೆ.

ಆ ಊರಿನಲ್ಲಿ ರಾತ್ರಿ ಊಟ ಒಂಬತ್ತು ಹತ್ತು ಗಂಟೆಗೆ. ಮಧ್ಯಾಹ್ನದ ಊಟಕ್ಕೂ ಅದಕ್ಕೂ ನಡುವೆ ಅಷ್ಟು ದೊಡ್ಡ ಅಂತರವಿರುವುದರಿಂದ ಸಂಜೆ ಐದಾರು ಗಂಟೆಗೆ ‘ಮೆರಿಯೆಂದಾ’ ಎಂಬುದು ಬೇಕೇ ಬೇಕು, ನಮ್ಮಲ್ಲಿ ನಾಲ್ಕು ಗಂಟೆಯ ಚಹಾ ಇದ್ದಂತೆ. ಚಹಾದ ಬದಲು ಮಾತೆ ಕುಡಿಯುತ್ತಾರೆ. ಸೋರೆ ಬುರುಡೆಯಲ್ಲಿ ಎಲೆಪುಡಿ ತುಂಬಿ, ಬಿಸಿನೀರು ಹಾಕಿ, ಲೋಹದ ಕೊಳವೆಯಿಂದ ಹೀರಿ ಒಬ್ಬರ ಕೈಯಿಂದ ಒಬ್ಬರ ಕೈಗೆ ದಾಟಿಸುವ ಕಹಿ ಪಾನೀಯ. ಆ ಕಹಿಯ ಜೊತೆಗೆ ಅಲ್ಫಹೋರ್. ಮಕ್ಕಳು ಶಾಲೆಯ ಬಿಡುವಿನಲ್ಲಿ, ದೊಡ್ಡವರು ಬಸ್ಸು ಹತ್ತುವ ಮೊದಲು ಮೂಲೆಯ ಗೂಡಂಗಡಿಯಲ್ಲಿ ಕೊಂಡು ತಿನ್ನುವುದೂ ಅದನ್ನೇ. ನಾನೂ ಮೊದಮೊದಲು ಗೂಡಂಗಡಿಯದನ್ನೇ ತಿಂದೆ. ಚಾಕಲೇಟ್ ಮುಚ್ಚಿದ, ಹೊಳೆಯುವ ಕಾಗದದಲ್ಲಿ ಸುತ್ತಿದ್ದು. ತಿಂದೆ, ಮರೆತೆ. ಆಮೇಲೆ ಜುಲೈ ತಿಂಗಳ ಒಂದು ಭಾನುವಾರ, ಹೊರಗೆ ಕೊರೆಯುವ ಚಳಿ, ಕೆಳಗಿನ ಅಡುಗೆಮನೆಯಿಂದ ವಾಸನೆ ಮೇಲಕ್ಕೆ ಬಂತು.

ಆ ವಾಸನೆ ನನಗೆ ಗೊತ್ತಿತ್ತು. ಅದನ್ನು ಹೇಗೆ ಹೇಳಲಿ? ಧಾರವಾಡದ ಲೈನ್ ಬಜಾರಿನಲ್ಲಿ ನಡೆದುಹೋಗುವಾಗ, ಬೆಳಗಾವಿಯಲ್ಲಿ ಕುಂದಾ ಕಾಯಿಸುವ ಅಂಗಡಿಯ ಹಿಂದಿನ ಓಣಿಯಲ್ಲಿ, ಹಾಲು ನೀರನ್ನು ಬಿಟ್ಟುಕೊಡುತ್ತ ಕೆಂಪಾಗುವ ಹೊತ್ತಿನ ವಾಸನೆ. ಕಾಲು ತಾನೇ ಮೆಟ್ಟಿಲಿಳಿಯಿತು.

ಸೆನ್ಯೋರಾ ಸ್ಟೂಲಿನ ಮೇಲೆ ಕೂತು ಮರದ ಸೌಟಿನಿಂದ ದೊಡ್ಡ ಪಾತ್ರೆಯನ್ನು ಕೈಯಾಡಿಸುತ್ತಿದ್ದರು. ಪಾತ್ರೆಯೊಳಗಿನಿಂದ ಕಟಕಟ ಕಟಕಟ ಸದ್ದು. ಏನದು ಅಂದೆ. ಸೌಟಿನಿಂದ ಮೇಲೆತ್ತಿ ತೋರಿಸಿದರು: ಗೋಲಿ. ಮಕ್ಕಳು ಆಡುವ ಗಾಜಿನ ಗೋಲಿ, ಮೂರು. ಅಲ್ಲಿಯ ಅಜ್ಜಿಯರ ಹಳೆಯ ಉಪಾಯವದು. ಹಾಲು ಕುದಿಯುವಾಗ ಗೋಲಿಗಳು ತಳದಲ್ಲಿ ಹೊರಳಾಡುತ್ತ ಇರುತ್ತವೆ, ಹಾಲು ತಳ ಹಿಡಿಯುವುದಿಲ್ಲ. ಕೆಲವರು ಸಣ್ಣ ಬಸಿಯನ್ನು ಕವುಚಿ ಹಾಕುತ್ತಾರಂತೆ. ಗೋಲಿಯಿಂದ ಇನ್ನೊಂದು ಉಪಕಾರವಿದೆ, ಅದನ್ನು ಆಕೆ ಬಾಯಿಬಿಟ್ಟು ಹೇಳಲಿಲ್ಲ, ಕೂತು ಕೇಳಿದಾಗ ನನಗೇ ತಿಳಿಯಿತು. ಹಾಲು ತೆಳ್ಳಗಿದ್ದಾಗ ಸದ್ದು ಗಲಗಲ ಇರುತ್ತದೆ. ಅರ್ಧಕ್ಕಿಳಿದಾಗ ಮಂದವಾಗುತ್ತದೆ. ಹದ ಹತ್ತಿರ ಬಂದಾಗ ಸದ್ದೇ ನಿಲ್ಲುತ್ತದೆ, ಗೋಲಿಗಳು ದಪ್ಪ ಸಿಹಿಯೊಳಗೆ ಸಿಕ್ಕಿಕೊಂಡು ಸುಮ್ಮನಾಗುತ್ತವೆ. ಅಲ್ಲಿಂದ ಮುಂದೆ ಕೈ ಒಂದು ಕ್ಷಣವೂ ನಿಲ್ಲುವಂತಿಲ್ಲ.

ಕನ್ನಡದ ತಿಂಡಿ ಪುಟಗಳಲ್ಲಿ ಇದನ್ನು ‘ಕ್ಯಾರಮೆಲ್ ಬಿಸ್ಕತ್ತು’ ಎಂದು ಬರೆದದ್ದನ್ನು ನೋಡಿದ್ದೇನೆ. ಆ ಹೆಸರು ನನಗೆ ಒಗ್ಗುವುದಿಲ್ಲ. ಕ್ಯಾರಮೆಲ್ ಎಂದರೆ ಬರೀ ಸಕ್ಕರೆಯನ್ನು 160 ಡಿಗ್ರಿ ಸೆಲ್ಸಿಯಸ್ ದಾಟಿಸಿ ಸುಡುವುದು. ಹಾಲು ಇರುವ ಪಾತ್ರೆ ಅಷ್ಟು ಬಿಸಿಯಾಗುವುದೇ ಇಲ್ಲ, ನೀರು ಇರುವವರೆಗೆ ಅದು ನೂರು ಡಿಗ್ರಿಯ ಆಸುಪಾಸಿನಲ್ಲೇ ಕುದಿಯುತ್ತಿರುತ್ತದೆ. ಇಲ್ಲಿ ಬಣ್ಣ ಬರುವುದು ಬೇರೆ ದಾರಿಯಿಂದ. ಹಾಲಿನಲ್ಲಿ ತನ್ನದೇ ಸಕ್ಕರೆಯಿದೆ, ಲ್ಯಾಕ್ಟೋಸ್. ತನ್ನದೇ ಪ್ರೋಟೀನೂ ಇದೆ. ಎರಡೂ ಬಿಸಿಯಲ್ಲಿ ಬಹಳ ಹೊತ್ತು ಒಟ್ಟಿಗಿದ್ದರೆ ಒಂದಕ್ಕೊಂದು ಕೂಡಿಕೊಂಡು ಕಂದು ಬಣ್ಣವನ್ನೂ ಆ ಹುರಿದ ಪರಿಮಳವನ್ನೂ ಹುಟ್ಟಿಸುತ್ತವೆ. ಲೂಯಿ ಕಮೀಯ್ ಮೇಯಾರ್ ಎಂಬ ಫ್ರೆಂಚ್ ವಿಜ್ಞಾನಿ 1912ರಲ್ಲಿ ವಿವರಿಸಿದ ಕ್ರಿಯೆ ಇದು, ಅವನ ಹೆಸರಿನಿಂದಲೇ ಕರೆಯುತ್ತಾರೆ. ನಾವು ಮೇಲಿನಿಂದ ಸುರಿಯುವ ಸಕ್ಕರೆ ಸಿಹಿಯನ್ನೂ ದಪ್ಪವನ್ನೂ ಕೊಡುತ್ತದೆ. ಬಣ್ಣ ಮಾತ್ರ ಮುಖ್ಯವಾಗಿ ಹಾಲಿನ ಸ್ವಂತದ್ದು.

ಧಾರವಾಡ ಪೇಡೆಯ ಕಂದು, ಕುಂದಾದ ಕಂದು, ದುಲ್ಸೆ ದೆ ಲೆಚೆಯ ಕಂದು ಮೂರೂ ಹುಟ್ಟುವುದು ಹೀಗೆಯೇ. ಅವತ್ತು ನನ್ನ ಮೂಗು ಮೋಸ ಹೋಗಿರಲಿಲ್ಲ. ಉತ್ತರದ ಉನ್ನಾವದಿಂದ ಬಂದ ಠಾಕೂರ ಮನೆತನ ಧಾರವಾಡದಲ್ಲಿ ಎಮ್ಮೆ ಹಾಲಿನ ಖೋವಾ ಹುರಿಯುತ್ತಿದ್ದುದಕ್ಕೂ, ದಕ್ಷಿಣ ಅಮೆರಿಕದ ಹಟ್ಟಿಗಳಲ್ಲಿ ಹಸುವಿನ ಹಾಲು ಕಾಯುತ್ತಿದ್ದುದಕ್ಕೂ ಕೊಡುಕೊಳ್ಳುವಿಕೆ ಏನೂ ಇಲ್ಲ. ಹಾಲು ಹೆಚ್ಚಾದಾಗ, ಉಳಿಸಿಕೊಳ್ಳಬೇಕೆಂದಾಗ, ಒಲೆಯ ಮುಂದೆ ಕೂರಲು ಒಬ್ಬರಿದ್ದಾಗ ಎರಡೂ ಕಡೆ ಅದೇ ಆಯಿತು.

ಬೇರೆ ಆದದ್ದು ಒಂದು ಚಿಟಿಕೆಯಲ್ಲಿ. ನಮ್ಮಲ್ಲಿ ಕುಂದಾಕ್ಕೆ ಮೊಸರು ಹಾಕುತ್ತಾರೆ. ಹುಳಿಗೆ ಹಾಲು ಒಡೆದು ಹರಳು ಹರಳಾಗುತ್ತದೆ, ಆ ಹರಳೇ ಕುಂದಾದ ಗುಣ. ಅರ್ಜೆಂಟೀನಾದವರು ಅದೇ ಜಾಗದಲ್ಲಿ ಅಡುಗೆ ಸೋಡಾ ಹಾಕುತ್ತಾರೆ. ಹಾಲು ಬತ್ತುತ್ತಾ ಹೋದಂತೆ ಅದರೊಳಗಿನ ಹುಳಿ ಒತ್ತಾಗುತ್ತದೆ, ಒಡೆಯುವ ಭಯವಿರುತ್ತದೆ. ಸೋಡಾ ಆ ಹುಳಿಯನ್ನು ಕೊಲ್ಲುತ್ತದೆ, ಹಾಲು ರೇಷ್ಮೆಯಂತೆ ಉಳಿಯುತ್ತದೆ. ಬಣ್ಣವೂ ಬೇಗ ಹತ್ತುತ್ತದೆ. ಹರಳು ಬೇಕೆಂದವರು ಹುಳಿ ಹಾಕಿದರು, ನುಣುಪು ಬೇಕೆಂದವರು ಸೋಡಾ ಹಾಕಿದರು. ನನಗೆ ಎರಡೂ ಬೇಕು, ಆದರೆ ಬಿಸ್ಕತ್ತಿನ ನಡುವೆ ನುಣುಪೇ ಸರಿ.

ದುಲ್ಸೆ ದೆ ಲೆಚೆ ಹುಟ್ಟಿದ ಬಗ್ಗೆ ಅಲ್ಲಿ ಎಲ್ಲರೂ ಹೇಳುವ ಕತೆಯೊಂದಿದೆ. 1829ರಲ್ಲಿ ಅಂತರ್ಯುದ್ಧ ನಡೆದಿತ್ತು. ರೋಸಾಸ್ ಮತ್ತು ಲವಾಶೆ ಎಂಬ ಇಬ್ಬರು ಸೇನಾಪತಿಗಳು ಎದುರಾಳಿಗಳು. ಸಂಧಾನಕ್ಕೆಂದು ಕಾನ್ಯುವೆಲಾಸ್‌ನಲ್ಲಿದ್ದ ರೋಸಾಸನ ಬಿಡಾರಕ್ಕೆ ಲವಾಶೆ ಬಂದ. ಅವನಿರಲಿಲ್ಲ. ದಣಿದಿದ್ದ ಲವಾಶೆ ವೈರಿಯ ಮಂಚದ ಮೇಲೆಯೇ ಮಲಗಿ ನಿದ್ದೆಹೋದ. ಮಾತೆಗೆ ಹಾಕಲು ಹಾಲು ಸಕ್ಕರೆ ಕಾಯಿಸುತ್ತಿದ್ದ ಕೆಲಸದಾಕೆ ಅದನ್ನು ಕಂಡು ಗಾಬರಿಯಾಗಿ ಓಡಿದಳು. ಒಲೆಯ ಮೇಲಿನ ಹಾಲು ಮರೆತೇಹೋಯಿತು. ತಿರುಗಿ ಬಂದಾಗ ಪಾತ್ರೆಯಲ್ಲಿ ಕಂದು ಬಣ್ಣದ ಸಿಹಿ. ಇತಿಹಾಸ ಬಲ್ಲವರು ಇದನ್ನು ಕಟ್ಟುಕತೆ ಎನ್ನುತ್ತಾರೆ. ಖಂಡದ ಬೇರೆ ಕಡೆ ಇದೇ ಸಿಹಿಗೆ ಬೇರೆ ಹೆಸರುಗಳಿವೆ, ಚಿಲಿಯಲ್ಲಿ ‘ಮಂಹಾರ್’, ಕೊಲಂಬಿಯಾದಲ್ಲಿ ‘ಅರೆಕೀಪೆ’, ಮೆಕ್ಸಿಕೋದಲ್ಲಿ ಆಡಿನ ಹಾಲಿನದು ‘ಕಹೇತಾ’. ಉರುಗ್ವೆಯವರಂತೂ ಇದು ತಮ್ಮದೂ ಹೌದು ಎಂದು ಪಟ್ಟುಹಿಡಿಯುತ್ತಾರೆ. ನಾನು ಆ ಕತೆಯನ್ನು ಬೇರೆ ಕಾರಣಕ್ಕೆ ನಂಬುವುದಿಲ್ಲ: ಮರೆತ ಹಾಲು ಉಕ್ಕುತ್ತದೆ, ತಳ ಹತ್ತುತ್ತದೆ, ಸೀಯುತ್ತದೆ. ಯಾರೋ ಒಬ್ಬರು ಪಕ್ಕದಲ್ಲಿ ಕೂತು ಕೈಯಾಡಿಸಿದ್ದರಿಂದಲೇ ಇದು ಹುಟ್ಟಿದೆ. ಕತೆ ಆ ಕೂತವಳನ್ನು ಓಡಿಸಿಬಿಟ್ಟಿದೆ.

ಬಿಸ್ಕತ್ತಿನ ವಂಶ ಇನ್ನೂ ಹಳೆಯದು. ಅಲ್ಫಹೋರ್ ಎಂಬ ಮಾತು ಸ್ಪೇನಿನ ಅರಬ್ಬರ ಕಾಲದ್ದು, ಆರಂಭದ ‘ಅಲ್’ ಆ ಗುರುತು. ದಕ್ಷಿಣ ಸ್ಪೇನಿನ ಮೆದೀನಾ ಸಿದೋನಿಯಾ ಎಂಬ ಊರಿನಲ್ಲಿ ಇವತ್ತಿಗೂ ಅಲ್ಫಹೋರ್ ಮಾಡುತ್ತಾರೆ, ಆದರೆ ಅದನ್ನು ನೋಡಿದರೆ ಇದರ ಅಣ್ಣ ಎನ್ನಲಾಗುವುದಿಲ್ಲ: ಜೇನು, ಬಾದಾಮಿ, ಹೇಜಲ್‌ನಟ್, ಕೊತ್ತಂಬರಿ ಬೀಜ, ಲವಂಗ, ದಾಲ್ಚಿನ್ನಿ ಸೇರಿಸಿದ ಬೆರಳುದ್ದದ ಉಂಡೆ, ಕಾಗದದಲ್ಲಿ ಸುತ್ತಿರುತ್ತದೆ. ಹಾಲಿಲ್ಲ, ಬಿಸ್ಕತ್ತೂ ಇಲ್ಲ. ಹೆಸರು ಕಡಲು ದಾಟಿತು, ತಿಂಡಿ ದಾಟುವಾಗ ಬದಲಾಯಿತು. ಸ್ಪ್ಯಾನಿಷಿನಲ್ಲಿ ಸಕ್ಕರೆಗೆ ‘ಅಸೂಕಾರ್’ ಅನ್ನುತ್ತಾರೆ. ಅದು ಅರಬ್ಬಿಯ ‘ಸುಕ್ಕರ್’, ಅದಕ್ಕೂ ಹಿಂದೆ ಪಾರಸಿಯ ‘ಶಕರ್’, ಅದಕ್ಕೂ ಹಿಂದೆ ಸಂಸ್ಕೃತದ ‘ಶರ್ಕರಾ’. ನಮ್ಮ ಸಕ್ಕರೆಯೂ ಅದೇ ಬೇರಿನದು. ಅಲ್ಮಾಗ್ರೋದ ಅಡುಗೆಮನೆಯಲ್ಲಿ ಸೆನ್ಯೋರಾ ‘ಅಸೂಕಾರ್’ ಎಂದು ಡಬ್ಬಿ ಕೇಳಿದಾಗ ನಾನು ‘ಸಕ್ಕರೆ’ ಎಂದು ಎತ್ತಿಕೊಟ್ಟಿದ್ದೆ. ಅವರಿಗೆ ಅರ್ಥವಾಗಿತ್ತು.

ಅರ್ಜೆಂಟೀನಾದೊಳಗೇ ಊರಿಗೊಂದು ಬಗೆ. ಸಾಂತಾ ಫೆ ಪಟ್ಟಣದ್ದು ಮೂರು ಪದರ, ಗರಿಗರಿ, ಮೇಲೆ ಸಕ್ಕರೆಯ ಬಿಳಿ ಲೇಪ. 1853ರಲ್ಲಿ ದೇಶದ ಸಂವಿಧಾನ ಬರೆಯಲು ಆ ಊರಿನಲ್ಲಿ ಸೇರಿದ ಪ್ರತಿನಿಧಿಗಳು ಇದನ್ನೇ ತಿನ್ನುತ್ತಿದ್ದರು ಎಂದು ಅಲ್ಲಿಯವರು ಹೆಮ್ಮೆಯಿಂದ ಹೇಳುತ್ತಾರೆ. ಕೊರ್ದೊಬಾದಲ್ಲಿ ಒಳಗೆ ಹಣ್ಣಿನ ಪಾಕ ತುಂಬುವುದುಂಟು. ಮಾರ್ ದೆಲ್ ಪ್ಲಾತಾ ಕಡಲತೀರದ ಊರು. 1940ರ ದಶಕದ ಕೊನೆಗೆ ಅಲ್ಲಿ ಶುರುವಾದ ‘ಹವಾನ್ನಾ’ ಎಂಬ ಕಂಪನಿಯ ಡಬ್ಬಿಯನ್ನು ರಜೆಗೆ ಹೋದವರು ಹೊತ್ತು ತರುತ್ತಾರೆ, ಧಾರವಾಡಕ್ಕೆ ಬಂದವರು ಪೇಡೆ ಹೊತ್ತೊಯ್ಯುವಂತೆ. ಮನೆಯಲ್ಲಿ ಮಾಡುವುದು ಮಾತ್ರ ಹೆಚ್ಚಾಗಿ ‘ಮೈಜೆನಾ’ದ್ದು. ಮೈಜೆನಾ ಎಂಬುದು ಕಾರ್ನ್‌ಫ್ಲೋರಿನ ಒಂದು ಕಂಪನಿಯ ಹೆಸರು, ಅಲ್ಲಿ ವಸ್ತುವಿಗೇ ಆ ಹೆಸರು ನಿಂತುಬಿಟ್ಟಿದೆ. ನಾನು ಈ ಸಲ ಮಾಡಿದ್ದು ಅದೇ. ಉಳಿದವುಗಳ ಬಗ್ಗೆ ನನಗೆ ದ್ವೇಷವಿಲ್ಲ, ಆದರೆ ಚಾಕಲೇಟ್ ಮುಚ್ಚಿದರೆ ಹಾಲು ಕಾಣುವುದಿಲ್ಲ, ಕೇಳುವುದೂ ಇಲ್ಲ.

ಈಗ ಮಾಡುವ ಮಾತಿಗೆ ಬರುತ್ತೇನೆ. ಇಪ್ಪತ್ತು ಅಲ್ಫಹೋರುಗಳಿಗೆ 1 ಲೀಟರ್ ಹಾಲು, 250 ಗ್ರಾಂ ಸಕ್ಕರೆ, ಕಾಲು ಚಮಚ ಅಡುಗೆ ಸೋಡಾ. ಅಗಲವಾದ, ದಪ್ಪ ತಳದ, ಎತ್ತರದ ಪಾತ್ರೆ ತೆಗೆದುಕೊಳ್ಳಿ. ಸೋಡಾ ಬಿದ್ದೊಡನೆ ಹಾಲು ನೊರೆಯೆದ್ದು ಮೇಲಕ್ಕೆ ಬರುತ್ತದೆ, ಪಾತ್ರೆಯಲ್ಲಿ ಜಾಗವಿಲ್ಲದಿದ್ದರೆ ಒಲೆಯ ಪಾಲು. ಹಾಲು ಬೆಚ್ಚಗಾದಾಗ ಸಕ್ಕರೆ, ಅದು ಕರಗಿದ ಮೇಲೆ ಒಂದು ಚಮಚ ನೀರಿನಲ್ಲಿ ಕದಡಿದ ಸೋಡಾ. ಆಮೇಲೆ ಸಣ್ಣ ಕುದಿ. ಮೊದಲ ಒಂದು ಗಂಟೆ ಆಗಾಗ ಕೈಯಾಡಿಸಿದರೆ ಸಾಕು. ಹಾಲು ಮೊದಲು ಕೆನೆ ಬಣ್ಣ, ಆಮೇಲೆ ಹಾಲು ಹೆಚ್ಚಾದ ಚಹಾದ ಬಣ್ಣ, ಆಮೇಲೆ ಜೋನಿಬೆಲ್ಲದ ಕಡೆಗೆ. ಕೊನೆಯ ಅರ್ಧ ಗಂಟೆ ಬೇರೆ ಕೆಲಸ ಇಟ್ಟುಕೊಳ್ಳಬೇಡಿ. ಫೋನೂ ಬೇಡ. ಸೌಟಿನಿಂದ ಪಾತ್ರೆಯ ತಳಕ್ಕೆ ಗೆರೆ ಎಳೆದರೆ ಒಂದು ಉಸಿರಿನಷ್ಟು ಹೊತ್ತು ತಳ ಕಾಣಬೇಕು, ಆಮೇಲೆ ಮುಚ್ಚಿಕೊಳ್ಳಬೇಕು. ತಣ್ಣನೆಯ ಬಸಿಯ ಮೇಲೆ ಒಂದು ಹನಿ ಬಿಟ್ಟು ಓರೆ ಮಾಡಿದರೆ ಓಡಬಾರದು. ತಣ್ಣಗಾದ ಮೇಲೆ ಇನ್ನೂ ಗಟ್ಟಿಯಾಗುತ್ತದೆ ಎಂಬುದು ನೆನಪಿರಲಿ. ಅಲ್ಲಿಯ ಅಂಗಡಿಗಳಲ್ಲಿ ಬ್ರೆಡ್ಡಿಗೆ ಸವರುವುದು ಬೇರೆ, ಬೇಕರಿ ಕೆಲಸದ್ದು ಬೇರೆ. ಎರಡನೆಯದಕ್ಕೆ ‘ರೆಪೊಸ್ತೇರೊ’ ಅನ್ನುತ್ತಾರೆ, ಚಮಚವನ್ನು ನೆಟ್ಟಗೆ ನಿಲ್ಲಿಸುವಷ್ಟು ಗಟ್ಟಿ. ಅಲ್ಫಹೋರಿಗೆ ಬೇಕಾದದ್ದು ಅದು. ತೆಳ್ಳಗಿದ್ದರೆ ಕಚ್ಚಿದಾಗ ಬದಿಯಿಂದ ಜಾರಿಹೋಗುತ್ತದೆ.

ಎಮ್ಮೆಯ ಹಾಲಾದರೆ? ಧಾರವಾಡದಲ್ಲಿ ಗೌಳಿಗರ ಮನೆಯಿಂದ ಬರುವುದು ಅದೇ. ಎರಡೂ ಮಾಡಿ ನೋಡಿದೆ. ಎಮ್ಮೆ ಹಾಲಿನಲ್ಲಿ ಜಿಡ್ಡು ಹೆಚ್ಚು, ಬೇಗ ಗಟ್ಟಿಯಾಗುತ್ತದೆ, ಆದರೆ ತಣ್ಣಗಾದಾಗ ಮೇಲೆ ತುಪ್ಪದ ಹೊಳಪು ನಿಲ್ಲುತ್ತದೆ, ನಾಲಿಗೆಗೆ ಪೇಡೆಯ ಕಡೆಗೆ ವಾಲುತ್ತದೆ. ಬಿಸ್ಕತ್ತಿನಲ್ಲೂ ಬೆಣ್ಣೆ ಇರುವುದರಿಂದ ಭಾರವಾಗುತ್ತದೆ. ಹಸುವಿನ ಹಾಲೇ ಇದಕ್ಕೆ ಸರಿ. ಅರ್ಧರ್ಧ ಸೇರಿಸಿದ್ದನ್ನು ಅವ್ವ ಮೆಚ್ಚಿದಳು, ಅದೂ ಇರಲಿ.

ಒಂದು ಮಾತನ್ನು ಗಟ್ಟಿಯಾಗಿ ಹೇಳಬೇಕು. ಕಂಡೆನ್ಸ್ಡ್ ಮಿಲ್ಕಿನ ಡಬ್ಬಿಯನ್ನು ಬಾಯಿ ತೆರೆಯದೆ ಹಾಗೇ ನೀರಿನಲ್ಲಿ ಮೂರು ಗಂಟೆ ಕುದಿಸುವ ಉಪಾಯ ಎಲ್ಲ ಕಡೆ ಓಡಾಡುತ್ತಿದೆ. ದಯವಿಟ್ಟು ಮಾಡಬೇಡಿ. ನೀರು ಬತ್ತಿ ಡಬ್ಬಿ ಮೇಲೆ ಕಂಡರೆ ಒಳಗಿನ ಒತ್ತಡಕ್ಕೆ ಸಿಡಿಯಬಹುದು. ಬಿಸಿ ಇರುವಾಗಲೇ ಬಾಯಿ ತೆರೆದರೆ ಕುದಿಯುವ ಸಿಹಿ ಮುಖಕ್ಕೆ ಚಿಮ್ಮುತ್ತದೆ, ಅದು ಚರ್ಮಕ್ಕೆ ಅಂಟಿಕೊಂಡು ಸುಡುವ ವಸ್ತು. ಹಾಲು ಕಾಯಿಸಲು ಸಮಯವೇ ಇಲ್ಲದಿದ್ದರೆ ಡಬ್ಬಿಯಿಂದ ಗಾಜಿನ ಬೇಕಿಂಗ್ ಬಟ್ಟಲಿಗೆ ಸುರಿದು, ಫಾಯಿಲ್ ಬಿಗಿಯಾಗಿ ಮುಚ್ಚಿ, ಬಿಸಿನೀರಿನ ತಟ್ಟೆಯೊಳಗಿಟ್ಟು 220 ಡಿಗ್ರಿ ಓವನ್ನಿನಲ್ಲಿ ಒಂದೂವರೆ ಗಂಟೆ ಬೇಯಿಸಿ. ನಡುವೆ ನೀರು ನೋಡಿಕೊಳ್ಳಿ. ತೆಗೆದ ಮೇಲೆ ಚೆನ್ನಾಗಿ ಕದಡಿದರೆ ನುಣುಪಾಗುತ್ತದೆ. ರುಚಿಯಲ್ಲಿ ಕಾಯಿಸಿದ್ದಕ್ಕೆ ಸಮವಲ್ಲ, ಆದರೆ ಯಾರಿಗೂ ಗಾಯವಾಗುವುದಿಲ್ಲ.

ಬಿಸ್ಕತ್ತಿಗೆ 150 ಗ್ರಾಂ ಕಾರ್ನ್‌ಫ್ಲೋರ್, 100 ಗ್ರಾಂ ಮೈದಾ, 100 ಗ್ರಾಂ ಉಪ್ಪಿಲ್ಲದ ಬೆಣ್ಣೆ, 75 ಗ್ರಾಂ ಪುಡಿ ಸಕ್ಕರೆ, 2 ಮೊಟ್ಟೆಯ ಹಳದಿ, 1 ಚಮಚ ಬೇಕಿಂಗ್ ಪೌಡರ್, ಚಿಟಿಕೆ ಉಪ್ಪು, ವೆನಿಲಾ, ನಿಂಬೆ ಸಿಪ್ಪೆಯ ತುರಿ. ಕಾರ್ನ್‌ಫ್ಲೋರ್ ಎಂದರೆ ಬಿಳಿ, ನುಣ್ಣನೆಯ, ಬೆರಳಲ್ಲಿ ಕಿರುಗುಟ್ಟುವ ಪಿಷ್ಟ. ಗಿರಣಿಯಲ್ಲಿ ಬೀಸಿದ ಹಳದಿ ಗೋವಿನಜೋಳದ ಹಿಟ್ಟಲ್ಲ. ಮೈದಾದಲ್ಲಿ ಅಂಟಿನ ಗುಣವಿದೆ, ನಾದಿದಷ್ಟೂ ಎಳೆಯಾಗುತ್ತದೆ. ಪಿಷ್ಟದಲ್ಲಿ ಅದಿಲ್ಲ. ಆದ್ದರಿಂದ ಪಿಷ್ಟ ಮೈದಾಕ್ಕಿಂತ ಹೆಚ್ಚಿರುವ ಈ ಹಿಟ್ಟು ಎಳೆ ಕಟ್ಟುವುದಿಲ್ಲ, ಬೆಂದ ಮೇಲೆ ನಾಲಿಗೆಯ ಮೇಲೆ ವಿಭೂತಿಯಂತೆ ಕರಗುತ್ತದೆ. ಅಲ್ಲಿಯವರು ಕಲಸುವಾಗ ಒಂದು ಚಮಚ ಕಾನ್ಯಾಕ್ ಎಂಬ ಬ್ರಾಂದಿ ಹಾಕುತ್ತಾರೆ. ನಾನು ಹಾಕುವುದಿಲ್ಲ, ಕೊರತೆಯೂ ಕಂಡಿಲ್ಲ.

ನಿಂಬೆಯ ಬಗ್ಗೆ ಎಚ್ಚರ. ಅಲ್ಲಿಯದು ದಪ್ಪ ಸಿಪ್ಪೆಯ, ಹಳದಿ, ಉದ್ದನೆಯ ಹಣ್ಣು. ತುಕುಮಾನ್ ಎಂಬ ಪ್ರಾಂತ್ಯ ಪೂರ್ತಿ ಅದರ ತೋಟವೇ. ಒಂದು ಹಣ್ಣಿನ ಸಿಪ್ಪೆಯನ್ನು ಪೂರಾ ತುರಿದರೂ ಪರಿಮಳವೇ. ನಮ್ಮ ಇಂಡಿ ಕಡೆಯಿಂದ ಬರುವ ನಿಂಬೆ ತೆಳುಸಿಪ್ಪೆಯದು, ಸ್ವಲ್ಪ ಒತ್ತಿ ತುರಿದರೂ ಬಿಳಿ ಭಾಗ ಬಂದು ಕಹಿಯಾಗುತ್ತದೆ. ಮೇಲ್ಮೇಲೆ, ಹಸಿರು ಹಳದಿಯಷ್ಟನ್ನೇ ತುರಿಯಬೇಕು. ಎರಡು ಹಣ್ಣು ಬೇಕಾಗುತ್ತದೆ. ಪರಿಮಳ ಬೇರೆ, ತುಸು ಚುರುಕು. ನನಗೆ ಈಗ ಇದೇ ಹೆಚ್ಚು ಇಷ್ಟ.

ಮೊಟ್ಟೆಯ ಮಾತು ಬರಲೇಬೇಕು. ಅವ್ವ ಮೊಟ್ಟೆ ತಿನ್ನುವುದಿಲ್ಲ, ಅವಳಿಗೆ ಕೊಡಲಾಗದ ತಿಂಡಿಯನ್ನು ಅವಳ ಅಡುಗೆಮನೆಯಲ್ಲಿ ಮಾಡುವುದು ನನ್ನಿಂದಾಗದು. ಎರಡು ಹಳದಿಯ ಬದಲು ಮೂರು ಟೇಬಲ್ ಚಮಚ ತಣ್ಣನೆಯ ಗಟ್ಟಿ ಕೆನೆ ಹಾಕಿದೆ. ಹಳದಿ ಕೊಡುವ ಬಂಗಾರದ ಛಾಯೆ ಬರಲಿಲ್ಲ, ಬಿಸ್ಕತ್ತು ಇನ್ನಷ್ಟು ಬೆಳ್ಳಗಾಯಿತು. ಒಡೆಯುವುದೂ ಸ್ವಲ್ಪ ಹೆಚ್ಚು. ಆದರೆ ಕರಗುವುದರಲ್ಲಿ ಏನೂ ಕಡಿಮೆಯಿಲ್ಲ.

ಬೆಣ್ಣೆ ಸಕ್ಕರೆಯನ್ನು ಹಗುರಾಗುವವರೆಗೆ ಕಡೆದು, ಕೆನೆ ಅಥವಾ ಹಳದಿ ಸೇರಿಸಿ, ಜರಡಿ ಹಿಡಿದ ಹಿಟ್ಟುಗಳನ್ನು ಹಾಕಿ ಬೆರಳ ತುದಿಯಿಂದ ಒಟ್ಟುಮಾಡಬೇಕು. ನಾದಬಾರದು. ಚಪಾತಿಗೆ ಪಳಗಿದ ಕೈಗೆ ಇದೇ ಎಲ್ಲಕ್ಕಿಂತ ಕಷ್ಟ, ಅಂಗೈ ತಾನಾಗಿ ಒತ್ತಲು ಹೋಗುತ್ತದೆ. ಸೆನ್ಯೋರಾ ನನ್ನ ಮಣಿಕಟ್ಟು ಹಿಡಿದು ಮೇಲೆತ್ತಿದ್ದರು. ಸಾಕು, ಅದು ಕೂಡಿಕೊಂಡಿದೆ, ಇನ್ನು ಮುಟ್ಟಬೇಡ ಎಂದಿದ್ದರು. ಉಂಡೆಯನ್ನು ಮುಚ್ಚಿ ಫ್ರಿಜ್ಜಿನಲ್ಲಿ ಒಂದು ಗಂಟೆ. ಧಾರವಾಡದ ಏಪ್ರಿಲ್ಲಿನಲ್ಲಿ ಎರಡು ಗಂಟೆ, ಕತ್ತರಿಸಿದ ಮೇಲೆ ತಟ್ಟೆಯ ಸಮೇತ ಮತ್ತೆ ಹತ್ತು ನಿಮಿಷ, ಇಲ್ಲದಿದ್ದರೆ ಬೆಣ್ಣೆ ಕರಗಿ ಅಂಚು ಹರಡುತ್ತದೆ. ಲಟ್ಟಿಸುವಾಗ ಅರ್ಧ ಸೆಂಟಿಮೀಟರ್ ದಪ್ಪ. ಸ್ಟೀಲಿನ ಸಣ್ಣ ಬಟ್ಟಲಿನ ಬಾಯಿಂದ ಕತ್ತರಿಸಬಹುದು, 5 ಸೆಂಟಿಮೀಟರ್ ಅಗಲವಾದರೆ ಚಂದ.

170 ಡಿಗ್ರಿಯಲ್ಲಿ ಎಂಟರಿಂದ ಹತ್ತು ನಿಮಿಷ. ಇಲ್ಲಿ ಕಣ್ಣಿನ ಹಳೆಯ ಅಭ್ಯಾಸವನ್ನು ಬದಿಗಿಡಬೇಕು. ಬಿಸ್ಕತ್ತಿನ ಮೇಲ್ಮೈ ಒಣಗಿ ಮಂಕಾಗಿರಬೇಕು, ಮುಟ್ಟಿದರೆ ಮೆತ್ತಗಿರಬೇಕು, ತಳ ತಟ್ಟೆ ಬಿಟ್ಟಿರಬೇಕು, ಅಷ್ಟೇ. ಅಂಚಿಗೆ ಬಣ್ಣ ಬಂತೋ, ಒಣಗಿಹೋಯಿತು. ಬ್ಯೂನಸ್ ಐರಿಸ್‌ನಲ್ಲಿ ನಾನು ಒಬ್ಬಳೇ ಮಾಡಿದ ಮೊದಲ ಮೂರು ಸಲವೂ ಹೊಂಬಣ್ಣಕ್ಕೆ ಕಾದೆ. ಮೂರು ಸಲವೂ ಸೆನ್ಯೋರಾ ತಿಂದರು, ಚೆನ್ನಾಗಿದೆ ಅಂದರು, ಇದು ಬಿಸ್ಕತ್ತು, ಅಲ್ಫಹೋರ್ ಅಲ್ಲ ಅಂದರು. ಬಿಸ್ಕತ್ತಿಗೆ ತನ್ನದೇ ಹುರಿದ ರುಚಿ ಬಂದುಬಿಟ್ಟರೆ ಅದು ಹಾಲಿನ ರುಚಿಯ ಮೇಲೆ ಕೂರುತ್ತದೆ. ಎರಡು ಗಂಟೆ ಕೂತು ತಂದ ಪರಿಮಳವನ್ನು ಎರಡು ನಿಮಿಷದ ಹೆಚ್ಚಿನ ಬಿಸಿ ಮುಚ್ಚಿಹಾಕುತ್ತದೆ. ಆಗಸ್ಟಿನಲ್ಲಿ, ನಾಲ್ಕನೆಯ ಸಲ, ಗಡಿಯಾರ ನೋಡಿ ಎಂಟು ನಿಮಿಷಕ್ಕೆ ತೆಗೆದೆ, ಬೆಂದಿದೆ ಎಂಬ ನಂಬಿಕೆ ನನಗೇ ಇರಲಿಲ್ಲ. ಅವರು ಒಂದನ್ನು ತಿಂದು ಏನೂ ಹೇಳದೆ ಇನ್ನೊಂದಕ್ಕೆ ಕೈ ಹಾಕಿದರು.

ಪೂರ್ತಿ ಆರಿದ ಮೇಲೆ ಒಂದರ ತಳಕ್ಕೆ ಧಾರಾಳವಾಗಿ ದುಲ್ಸೆ ಇಟ್ಟು, ಇನ್ನೊಂದನ್ನು ಮೇಲಿಟ್ಟು, ಅಂಚಿಗೆ ಬರುವವರೆಗೆ ಮೆಲ್ಲಗೆ ಒತ್ತಬೇಕು. ಮಧ್ಯಕ್ಕೆ ಒತ್ತಿದರೆ ಬಿರುಕು ಬಿಡುತ್ತದೆ, ನಾಲ್ಕು ಬೆರಳಿಂದ ಸುತ್ತಲೂ ಒತ್ತಿ. ಅಂಚನ್ನು ಕೊಬ್ಬರಿಯಲ್ಲಿ ಹೊರಳಿಸಬೇಕು. ಅಲ್ಲಿ ಪೊಟ್ಟಣದಲ್ಲಿ ಬರುವ ಬಿಳಿ ತುರಿ. ಇಲ್ಲಿ ನನಗೆ ತಿಪಟೂರಿನ ಕೊಬ್ಬರಿ ಇತ್ತು: ಹೊರಗಿನ ಕಪ್ಪನ್ನು ಹೆರೆದು ತೆಗೆದು ಸಣ್ಣಗೆ ತುರಿದೆ. ಅದರಲ್ಲಿ ಎಣ್ಣೆಯಂಶ ಹೆಚ್ಚು, ವಾಸನೆಯೂ ಜೋರು. ಒಂದು ಕ್ಷಣ ಬೆಚ್ಚಗಿನ ಬಾಣಲೆಯಲ್ಲಿ ಆಡಿಸಿದರೆ ಹದಕ್ಕೆ ಬರುತ್ತದೆ. ಅಲ್ಲಿಯೂ ಬಣ್ಣ ಬರಬಾರದು.

ಆಮೇಲೆ ಡಬ್ಬಿಯಲ್ಲಿಟ್ಟು ಮುಚ್ಚಿ, ಒಂದು ರಾತ್ರಿ ಬಿಡಬೇಕು. ಅವತ್ತೇ ತಿಂದರೆ ಬಿಸ್ಕತ್ತು ಬೇರೆ, ಸಿಹಿ ಬೇರೆ. ರಾತ್ರಿಯೊಳಗೆ ಹಾಲಿನ ತೇವ ಮೆಲ್ಲಗೆ ಬಿಸ್ಕತ್ತಿನೊಳಕ್ಕೆ ಇಳಿಯುತ್ತದೆ, ಒಳಬದಿ ಮೃದುವಾಗುತ್ತದೆ, ಹೊರಬದಿ ಒಣಗಿಯೇ ಇರುತ್ತದೆ. ಕಚ್ಚಿದರೆ ಒಡೆಯುವುದಿಲ್ಲ, ಬಿಟ್ಟುಕೊಡುತ್ತದೆ.

ಅವ್ವ ಅವತ್ತು ಸಂಜೆ ಡಬ್ಬಿಯನ್ನು ಎರಡು ಸಲ ತೆರೆದು ನೋಡಿ ಮುಚ್ಚಿದಳು. ಬಿಳಿ ಬಿಸ್ಕತ್ತಿನ ಮೇಲೆ ಅವಳಿಗೆ ಇನ್ನೂ ನಂಬಿಕೆ ಬಂದಿರಲಿಲ್ಲ. ಮರುದಿನ ಮಧ್ಯಾಹ್ನ ಚಹಾದ ಜೊತೆ ಬಸಿಯಲ್ಲಿಟ್ಟು ಕೊಟ್ಟೆ. ಕಚ್ಚಿದಳು. ಕೊಬ್ಬರಿ ಸೀರೆಯ ಮೇಲೆ ಉದುರಿತು, ಒರೆಸಿಕೊಳ್ಳಲಿಲ್ಲ. ಬಾಯಿ ನಿಧಾನಕ್ಕೆ ಆಡಿತು.

"ಇದು ಪೇಡೆದ್ದ ವಾಸನಿ ಐತಲ್ಲಾ."

"ಹೂಂ."

"ಬಿಸ್ಕೀಟ್ ಏನೂ ಮಾತಾಡಂಗಿಲ್ಲ ನೋಡ. ಹಾಲ ಮುಂದ ಬರ್ತದ." ಇನ್ನೊಂದು ತುಂಡು ಬಾಯಿಗಿಟ್ಟು, "ಯಾರು ಕಲಿಸಿದ್ರು ಅಂದಿ?" ಎಂದಳು.

ಹೇಳಿದೆ. ಅಂಗಳ, ಜುಲೈ ಚಳಿ, ಸ್ಟೂಲು, ಗೋಲಿ ಎಲ್ಲವನ್ನೂ. ಊರು ಬಿಡುವ ದಿನ ಸೆನ್ಯೋರಾ ಆ ಮೂರು ಗೋಲಿಗಳನ್ನು ಕರವಸ್ತ್ರದಲ್ಲಿ ಕಟ್ಟಿ ನನ್ನ ಕೈಗೆ ಕೊಟ್ಟಿದ್ದರು. ಮೊನ್ನೆ ಹಾಲು ಕಾಯಿಸುವಾಗ ಪಾತ್ರೆಯಲ್ಲಿ ಹೊರಳಿದವು ಅವೇ. ಅವ್ವ ಎದ್ದು ಹೋಗಿ, ತೊಳೆದು ಕಿಟಕಿಯ ಕಟ್ಟೆಯ ಮೇಲೆ ಒಣಗಲಿಟ್ಟಿದ್ದ ಗೋಲಿಗಳನ್ನು ಎತ್ತಿ ಬೆಳಕಿಗೆ ಹಿಡಿದು ನೋಡಿದಳು. ಒಂದರೊಳಗೆ ಹಸಿರು ಸುಳಿ, ಎರಡರೊಳಗೆ ನೀಲಿ.

"ಆಕಿಗೆ ಮಕ್ಕಳ ಅದಾರೇನ?"

"ಒಬ್ಬ ಮಗ ಇದ್ದಾನ. ಸ್ಪೇನ್‌ದಾಗ. ಅವ ಸಣ್ಣವಿದ್ದಾಗ ಆಡಿದ ಗೋಟಿ ಅವು."

ಅವ್ವ ಏನೂ ಅನ್ನಲಿಲ್ಲ. ಸೆರಗಿನಿಂದ ಒರೆಸಿ ಅಲ್ಲೇ ಇಟ್ಟಳು.

ಇವತ್ತು ಬೆಳಿಗ್ಗೆ ಆರು ಗಂಟೆಗೆ ಎಚ್ಚರವಾದಾಗ ಅಡುಗೆಮನೆಯಲ್ಲಿ ದಿನದ ಹಾಲು ಕಾಯುತ್ತಿತ್ತು. ಪಾತ್ರೆಯೊಳಗಿನಿಂದ ಸದ್ದು ಬರುತ್ತಿತ್ತು, ಗಲಗಲ, ಇನ್ನೂ ತೆಳ್ಳಗಿನ ಹಾಲಿನ ಸದ್ದು.